ಬಿಟಿ ಹತ್ತಿ, ಗುಲಾಬಿ ಹುಳು, ಕಳ್ಳಬೀಜ: ಕುಲಾಂತರಿ ಬೆಳೆ ಕುರಿತ ಓದುಗರ ಪ್ರಶ್ನೆಗಳಿಗೆ ಉತ್ತರ

ಕುಲಾಂತರಿ ಬೆಳೆಗಳ (ಹೊರಗಿನ ವಂಶವಾಹಿ ಸೇರಿಸಿದ ಬೆಳೆಗಳ) ಬಗ್ಗೆ ಬಂದ ಪತ್ರಗಳಲ್ಲಿ ಹೆಚ್ಚಿನವು ಹತ್ತಿಗೆ ಸೇರಿದವು. ನಮ್ಮ ದೇಶದಲ್ಲಿ ರೈತರು ಬೆಳೆಯಲು ಪೂರ್ಣ ಅನುಮತಿ ಸಿಕ್ಕಿರುವ ಕುಲಾಂತರಿ ಬೆಳೆ ಹತ್ತಿ ಒಂದೇ. ಹಾಗಾಗಿ ಹತ್ತಿಯ ಪ್ರಶ್ನೆಗಳಿಗೆ ವಿವರವಾಗಿ, ಉಳಿದವಕ್ಕೆ ಬೇಕಾದಷ್ಟು ಉತ್ತರಿಸಿದ್ದೇವೆ.

ಪ್ರಶ್ನೆ: ಬಿಟಿ ಅಂತಲೇ ದುಡ್ಡು ಕೊಟ್ಟು ತಂದ ಬೀಜ. ಕಾಯಿ ಹೊರಗಿನಿಂದ ಚೆನ್ನಾಗಿಯೇ ಕಾಣುತ್ತದೆ, ಒಡೆದರೆ ಒಳಗೆ ಗುಲಾಬಿ ಹುಳು. ಬೀಜ ನಕಲಿಯೇ? ಯಾವ ಔಷಧ ಹೊಡೆಯಬೇಕು?
— ಮಾನ್ವಿ ತಾಲ್ಲೂಕಿನ ಓದುಗರು

ಉತ್ತರ: ಬೀಜ ನಕಲಿ ಎಂದು ಇಷ್ಟರಿಂದಲೇ ಹೇಳಲಾಗದು. ಅಸಲಿ ಬೋಲ್‌ಗಾರ್ಡ್-2 ಬಿಟಿ ಹತ್ತಿ ಬಿತ್ತಿದ ಹೊಲದಲ್ಲೂ ಗುಲಾಬಿ ಕಾಯಿಕೊರಕ ಈಗ ಬದುಕುತ್ತದೆ. 2002ರಲ್ಲಿ ಬಂದ ಮೊದಲ ಬಿಟಿ ಹತ್ತಿಯಲ್ಲಿ ಇದ್ದದ್ದು ಕ್ರೈ1ಎಸಿ ಎಂಬ ಒಂದೇ ಪ್ರೋಟೀನು. 2006ರಲ್ಲಿ ಒಪ್ಪಿಗೆ ಪಡೆದ ಬೋಲ್‌ಗಾರ್ಡ್-2ರಲ್ಲಿ ಅದರ ಜೊತೆಗೆ ಕ್ರೈ2ಎಬಿ ಸೇರಿತು. ಎರಡೂ ಮಣ್ಣಿನಲ್ಲಿರುವ ಬ್ಯಾಸಿಲಸ್ ತುರಿಂಜಿಯೆನ್ಸಿಸ್ (ಚಿಕ್ಕದಾಗಿ ಬಿಟಿ) ಎಂಬ ಬ್ಯಾಕ್ಟೀರಿಯಾದಿಂದ ಬಂದವು. ಮರಿಹುಳು ಗಿಡ ತಿಂದಾಗ ಅದರ ಕರುಳಿನ ಕ್ಷಾರದಲ್ಲಿ ಈ ಪ್ರೋಟೀನು ಕರಗಿ, ಕರುಳಿನ ಗೋಡೆಯ ಮೇಲೆ ಒಂದು ನಿರ್ದಿಷ್ಟ ಜಾಗಕ್ಕೆ ಅಂಟಿಕೊಂಡು ರಂಧ್ರ ಮಾಡುತ್ತದೆ. ಹುಳು ತಿನ್ನುವುದನ್ನು ಬಿಟ್ಟು ಎರಡು ಮೂರು ದಿನದಲ್ಲಿ ಸಾಯುತ್ತದೆ. ಅಂಟಬೇಕಾದ ಆ ಜಾಗವೇ ಬದಲಾಗಿರುವ ಹುಳುವಿಗೆ ಏನೂ ಆಗುವುದಿಲ್ಲ. ಕ್ರೈ1ಎಸಿಗೆ ಬಗ್ಗದ ಗುಲಾಬಿ ಹುಳು ಗುಜರಾತಿನಲ್ಲಿ ಮೊದಲು ಕಂಡದ್ದು 2008–09ರ ಸುಮಾರಿಗೆ. 2014–15ರ ಹೊತ್ತಿಗೆ ಅದು ಬೋಲ್‌ಗಾರ್ಡ್-2ನ್ನೂ ದಾಟಿತ್ತು. ಅಮೆರಿಕನ್ ಕಾಯಿಕೊರಕ ಮತ್ತು ಚುಕ್ಕೆ ಕಾಯಿಕೊರಕದ ಮೇಲೆ ಬಿಟಿ ಈಗಲೂ ಬಹುಮಟ್ಟಿಗೆ ಕೆಲಸ ಮಾಡುತ್ತದೆ. ಕೈಕೊಟ್ಟಿರುವುದು ಗುಲಾಬಿ ಹುಳುವಿನ ವಿಷಯದಲ್ಲಿ.

ಇದೇ ತಂತ್ರಜ್ಞಾನ ಇಟ್ಟುಕೊಂಡ ಅಮೆರಿಕದಲ್ಲಿ ಬಿಟಿ ಹತ್ತಿ, ಬಂಜೆ ಪತಂಗಗಳ ಬಿಡುಗಡೆ, ಮೋಹಕ ಬಲೆ (ಹೆಣ್ಣಿನ ವಾಸನೆಯಿಂದ ಗಂಡು ಪತಂಗವನ್ನು ಸೆಳೆಯುವ ಬಲೆ), ಹತ್ತಿ ಕಟ್ಟಿಗೆಯ ನಾಶ ಎಲ್ಲವನ್ನೂ ಒಟ್ಟಿಗೆ ಮಾಡಿ, ಗುಲಾಬಿ ಹುಳು ನಿರ್ಮೂಲವಾಯಿತೆಂದು 2018ರಲ್ಲಿ ಘೋಷಿಸಿದರು. ನಮ್ಮಲ್ಲಿ ಹೀಗಾಗದೆ ಉಲ್ಟಾ ಆದದ್ದಕ್ಕೆ ಕಾರಣಗಳಿವೆ. ಗುಲಾಬಿ ಹುಳು ಬಹುತೇಕ ಹತ್ತಿಯನ್ನೇ ನೆಚ್ಚಿಕೊಂಡ ಕೀಟ, ನಾವು ಊರಿಗೆ ಊರೇ ಬಿಟಿ ಬಿತ್ತಿದೆವು. ನಮ್ಮ ಹೈಬ್ರಿಡ್‌ಗಳು 180 ದಿನ ಮೀರಿ ನಿಲ್ಲುತ್ತವೆ, ನೀರಿದ್ದವರು ಮಾರ್ಚ್‌ವರೆಗೂ ಬಿಡಿಸುತ್ತಾರೆ. ಬಿತ್ತಿ 110 ದಿನ ಕಳೆದ ಮೇಲೆ ಗಿಡದಲ್ಲಿ ಕ್ರೈ1ಎಸಿ ಪ್ರಮಾಣ ಇಳಿಯುತ್ತದೆ. ಗುಲಾಬಿ ಹುಳು ದೊಡ್ಡ ಸಂಖ್ಯೆಯಲ್ಲಿ ಬರುವುದು ಅದೇ ಹೊತ್ತಿಗೆ. ಅರೆಪೆಟ್ಟು ತಿಂದು ಉಳಿದ ಹುಳುವಿನ ಸಂತಾನ ಮುಂದಿನ ವರ್ಷಕ್ಕೆ ಗಟ್ಟಿಯಾಗಿ ಬರುತ್ತದೆ.

ಔಷಧದ ವಿಷಯ. ಮೊಟ್ಟೆಯಿಂದ ಹೊರಬಂದ ಮರಿ ಸ್ವಲ್ಪ ಹೊತ್ತಿನಲ್ಲೇ ಮೊಗ್ಗು ಅಥವಾ ಕಾಯಿಯೊಳಗೆ ಸೇರುತ್ತದೆ, ಹೊಕ್ಕ ರಂಧ್ರ ಮುಚ್ಚಿಹೋಗುತ್ತದೆ. ಕಾಯಿಯೊಳಗಿನ ಹುಳುವಿಗೆ ಹೊರಗೆ ಹೊಡೆದ ಔಷಧ ತಲುಪುವುದಿಲ್ಲ. ಆದ್ದರಿಂದ ಸಿಂಪರಣೆ ಏನಿದ್ದರೂ ಪತಂಗ, ಮೊಟ್ಟೆ, ಆಗಷ್ಟೇ ಹೊರಬಂದ ಮರಿಗಳಿಗಾಗಿ. ಅದರ ಹೊತ್ತು ಗೊತ್ತಾಗಬೇಕಾದರೆ ಬಲೆ ಬೇಕು. ಬಿತ್ತಿ 45 ದಿನಕ್ಕೆ ಎಕರೆಗೆ 2 ಮೋಹಕ ಬಲೆಗಳನ್ನು ಗಿಡದ ತುದಿಗಿಂತ ಒಂದು ಅಡಿ ಎತ್ತರದಲ್ಲಿ ಕಟ್ಟಿ. ಗಿಡ ಬೆಳೆದಂತೆ ಬಲೆಯನ್ನೂ ಏರಿಸಬೇಕು. ಒಳಗಿನ ಗಾಸಿಪ್ಲೂರ್ ಗುಳಿಗೆಯನ್ನು 3–4 ವಾರಕ್ಕೊಮ್ಮೆ ಬದಲಿಸಿ. ಹಳೆಯ ಗುಳಿಗೆ ಹಾಗೇ ಬಿಟ್ಟು ‘ಪತಂಗ ಬೀಳುತ್ತಿಲ್ಲ’ ಎಂದು ನೆಮ್ಮದಿಯಾಗಿ ಇರುವುದೇ ಹೆಚ್ಚು ಕಡೆ ಆಗುವ ತಪ್ಪು. ಒಂದು ಬಲೆಗೆ ರಾತ್ರಿಗೆ 8 ಪತಂಗದಂತೆ ಸತತ 3 ರಾತ್ರಿ ಬಿದ್ದರೆ ಸಿಂಪರಣೆಗೆ ಹೊತ್ತಾಯಿತು. ಬರೀ ಲೆಕ್ಕಕ್ಕಲ್ಲದೆ ಪತಂಗಗಳನ್ನು ಹಿಡಿದು ತಗ್ಗಿಸಲೂ ಬಯಸಿದರೆ ಎಕರೆಗೆ 8 ಬಲೆ ಬೇಕು, ಅದೂ ಅಕ್ಕಪಕ್ಕದವರು ಜೊತೆಗೂಡಿದರೆ ಮಾತ್ರ ಫಲ.

ಬಲೆಯ ಜೊತೆಗೆ ಹೂ ಮತ್ತು ಕಾಯಿ ನೋಡಿ. ದಳ ಬಿಚ್ಚದೆ ಗುಲಾಬಿಯಂತೆ ಮುದುಡಿಕೊಂಡ ಹೂವಿನೊಳಗೆ ಹುಳು ಇರುತ್ತದೆ. ಕಂಡಲ್ಲೇ ಕಿತ್ತು ಚೀಲಕ್ಕೆ ಹಾಕಿ ಸುಡಿ. ಹೊಲದಲ್ಲಿ ಅಡ್ಡಾದಿಡ್ಡಿ ನಡೆದು ಎಕರೆಗೆ 20 ಎಳೆಗಾಯಿ ಕಿತ್ತು ಒಡೆಯಿರಿ. ಎರಡರಲ್ಲಿ ಹುಳು ಸಿಕ್ಕಿದರೆ, ಅಂದರೆ ಶೇ 10 ಆದರೆ, ಔಷಧ ಬೇಕೇಬೇಕು. 60 ದಿನದೊಳಗೆ ಬೇವಿನ ಎಣ್ಣೆ (1500 ಪಿಪಿಎಂ) ಲೀಟರಿಗೆ 5 ಮಿ.ಲೀ. 60ರಿಂದ 90 ದಿನದಲ್ಲಿ ಪ್ರೊಫೆನೊಫಾಸ್ 50 ಇ.ಸಿ. ಅಥವಾ ಕ್ವಿನಾಲ್‌ಫಾಸ್ 25 ಇ.ಸಿ. ಲೀಟರಿಗೆ 2 ಮಿ.ಲೀ. 90ರ ನಂತರ ಎಮಾಮೆಕ್ಟಿನ್ ಬೆಂಜೊಯೇಟ್ 5 ಎಸ್.ಜಿ. ಲೀಟರಿಗೆ 0.5 ಗ್ರಾಂ. ಲ್ಯಾಂಬ್ಡಾ ಸೈಹಲೋಥ್ರಿನ್‌ನಂತಹ ಪೈರೆಥ್ರಾಯ್ಡ್‌ಗಳನ್ನು 120 ದಿನಕ್ಕೆ ಮುಂಚೆ ಮುಟ್ಟಬೇಡಿ, ಬಿಳಿನೊಣ ಉಕ್ಕಿ ಬರುತ್ತದೆ. ಪತಂಗ ಓಡಾಡುವುದು ರಾತ್ರಿ, ಆದ್ದರಿಂದ ಸಂಜೆ ಹೊಡೆಯಿರಿ. ಒಂದು ಸಲಕ್ಕೆ ಒಂದೇ ಔಷಧ. ಕೈಗವಸು, ಮುಖಕ್ಕೆ ಮುಸುಕು, ಉದ್ದ ತೋಳಿನ ಅಂಗಿ ಇಲ್ಲದೆ ಎದೆಮಟ್ಟದ ಹತ್ತಿಯೊಳಗೆ ಇಳಿಯಬಾರದು. 2017ರಲ್ಲಿ ಯವತ್ಮಾಳ ಜಿಲ್ಲೆಯಲ್ಲಿ ಹತ್ತಿಗೆ ಸಿಂಪಡಿಸುವಾಗ ವಿಷ ತಗುಲಿ 20ಕ್ಕೂ ಹೆಚ್ಚು ಮಂದಿ ಸತ್ತರು. ಇದನ್ನು ಓದುವವರು ಈ ಸಾಲನ್ನು ಸಿಂಪರಣೆ ಮಾಡುವ ಕೂಲಿಯವರಿಗೂ ಓದಿ ಹೇಳಿ.

ಇಷ್ಟೆಲ್ಲ ಔಷಧಕ್ಕಿಂತ ಹೆಚ್ಚಿನದನ್ನು ಪಂಚಾಂಗವೇ ಮಾಡುತ್ತದೆ. ನಿಮ್ಮ ಭಾಗದಲ್ಲಿ ಡಿಸೆಂಬರ್ ಕೊನೆಗೆ, ತಡವೆಂದರೆ ಜನವರಿ ಮೊದಲ ವಾರಕ್ಕೆ ಹತ್ತಿ ಮುಗಿಸಿ. ಕುಳೆ (ಹಳೆಯ ಗಿಡದ ಮರುಚಿಗುರಿನ ಬೆಳೆ) ಬಿಡಬೇಡಿ. ಬಿಡಿಸಿ ಉಳಿದ ಕಾಯಿಗಳಲ್ಲೇ ಹುಳು ಬೇಸಿಗೆಯ ನಿದ್ದೆ ಮಾಡುತ್ತದೆ. ಕಟ್ಟಿಗೆಯನ್ನು ಬದುವಿಗೆ ಒಟ್ಟಿದರೆ ಮುಂದಿನ ಜೂನ್‌ಗೆ ಪತಂಗಗಳನ್ನು ನೀವೇ ಸಾಕಿಟ್ಟಂತೆ. ಪುಡಿ ಮಾಡುವ ಯಂತ್ರದಿಂದ ಮಣ್ಣಿಗೆ ಸೇರಿಸಿ. ಮೇ–ಜೂನ್‌ನಲ್ಲಿ ಹೊರಬರುವ ಪತಂಗಕ್ಕೆ ಹತ್ತಿಯ ಮೊಗ್ಗು ಸಿಗದಿದ್ದರೆ ಅದರ ಸಂತಾನ ಅಲ್ಲಿಗೇ ನಿಲ್ಲುತ್ತದೆ. ಆದ್ದರಿಂದ ಬೋರ್‌ವೆಲ್ ಇದೆಯೆಂದು ಒಬ್ಬರೇ ಮುಂಚಿತವಾಗಿ ಬಿತ್ತುವುದು ಇಡೀ ಊರಿಗೆ ಕೆಟ್ಟದ್ದು. ಹೆಗ್ಗಡದೇವನಕೋಟೆ, ಚಾಮರಾಜನಗರ ಕಡೆ ಏಪ್ರಿಲ್–ಮೇ ಮಳೆಗೇ ಬಿತ್ತುವ ವಾಡಿಕೆ ಇದೆ. ಅಲ್ಲಿ ತಿಂಗಳು ಬೇರೆಯಾದರೂ ನಿಯಮ ಅದೇ: ಊರೆಲ್ಲ ಒಟ್ಟಿಗೆ ಬಿತ್ತಿ, ಒಟ್ಟಿಗೆ ಮುಗಿಸುವುದು.

ಪ್ರಶ್ನೆ: ಮೊದಲೆಲ್ಲ ಬಿಟಿ ಪೊಟ್ಟಣದೊಳಗೆ ಬಿಟಿ ಅಲ್ಲದ ಬೀಜದ ಚಿಕ್ಕ ಪೊಟ್ಟಣ ಬೇರೆ ಇರುತ್ತಿತ್ತು. ಈಗ ಇಲ್ಲ. ಅಂಗಡಿಯವರು ತೆಗೆದುಕೊಂಡರೇ? ತೊಗರಿ ಸಾಲು ಹಾಕಿದರೆ ಸಾಕೆ?
— ಶಹಾಪುರದ ಓದುಗರು

ಉತ್ತರ: ಯಾರೂ ತೆಗೆದುಕೊಂಡಿಲ್ಲ. ಹಿಂದೆ 450 ಗ್ರಾಂ ಬಿಟಿ ಬೀಜದ ಜೊತೆ 120 ಗ್ರಾಂ ಬಿಟಿಯೇತರ ಬೀಜ ಕೊಡುತ್ತಿದ್ದರು. ಅದನ್ನು ಆಸರೆ ಬೆಳೆಯಾಗಿ ಹೊಲದ ಸುತ್ತ ಬಿತ್ತಬೇಕಿತ್ತು. ಅಲ್ಲಿ ಬೆಳೆದ, ಬಿಟಿಗೆ ಇನ್ನೂ ಸಾಯುವ ಪತಂಗಗಳು ಬಗ್ಗದ ಪತಂಗಗಳೊಂದಿಗೆ ಕೂಡಿದರೆ ಮುಂದಿನ ಪೀಳಿಗೆಯಲ್ಲಿ ಹೆಚ್ಚಿನವು ಮತ್ತೆ ಬಿಟಿಗೆ ಬಲಿಯಾಗುತ್ತವೆ ಎಂಬುದು ಇದರ ಹಿಂದಿನ ಲೆಕ್ಕ. ಲೆಕ್ಕ ಸರಿಯಾಗಿತ್ತು, ನಡೆದದ್ದು ಬೇರೆ. ಹುಳು ತಿನ್ನಲೆಂದೇ ಹತ್ತಿ ಬೆಳೆಯಲು ಎರಡು ಮೂರು ಎಕರೆಯ ರೈತನಿಗೆ ಮನಸ್ಸು ಬರಲಿಲ್ಲ. ಚಿಕ್ಕ ಪೊಟ್ಟಣದ ಬೀಜ ಎಷ್ಟೋ ಸಲ ಸರಿಯಾಗಿ ಮೊಳೆಯುತ್ತಲೂ ಇರಲಿಲ್ಲ. ಇದರ ಹೊಣೆಯನ್ನು ರೈತರ ತಲೆಗೇ ಕಟ್ಟುವುದು ನ್ಯಾಯವಲ್ಲ.

ಈಗ ಬರುವುದು 475 ಗ್ರಾಂ ಪೊಟ್ಟಣ. ಶೇ 5ರಿಂದ 10ರಷ್ಟು ಬಿಟಿಯೇತರ ಬೀಜ ಅದರಲ್ಲೇ ಬೆರೆತಿರುತ್ತದೆ. ಹಾಗಾಗಿ ಹೊಲದಲ್ಲಿ ಅಲ್ಲೊಂದು ಇಲ್ಲೊಂದು ಗಿಡಕ್ಕೆ ಕೊರಕ ಹೆಚ್ಚು ಬಿದ್ದರೆ ಬೀಜ ಕಲಬೆರಕೆ ಎಂದು ಗಾಬರಿಯಾಗಬೇಡಿ, ಆ ಗಿಡಗಳನ್ನು ಕೀಳಲೂಬೇಡಿ. ತೊಗರಿ ಸಾಲು ಅಮೆರಿಕನ್ ಕಾಯಿಕೊರಕಕ್ಕೆ ಆಸರೆ ಬೆಳೆಯಾಗುತ್ತದೆ, ಏಕೆಂದರೆ ಅದು ತೊಗರಿಯನ್ನೂ ತಿನ್ನುತ್ತದೆ. ಗುಲಾಬಿ ಹುಳು ತೊಗರಿ ಮುಟ್ಟುವುದಿಲ್ಲ, ಅದರ ಮಟ್ಟಿಗೆ ತೊಗರಿಯಿಂದ ಪ್ರಯೋಜನ ಸೊನ್ನೆ.

2025–26ರ ಹಂಗಾಮಿಗೆ ಕೇಂದ್ರ ಸರ್ಕಾರ ನಿಗದಿ ಮಾಡಿದ ಬೋಲ್‌ಗಾರ್ಡ್-2 ಪೊಟ್ಟಣದ ಗರಿಷ್ಠ ಬೆಲೆ ₹901 ಆಗಿತ್ತು. ಯಾವುದೋ ಒಂದು ಹೆಸರಿಗೆ ಬೇಡಿಕೆ ಇದೆಯೆಂದು ಆಯಾ ಹಂಗಾಮಿಗೆ ನಿಗದಿಯಾದ ಬೆಲೆಗಿಂತ ಹೆಚ್ಚು ಕೇಳಿದರೆ ರೈತ ಸಂಪರ್ಕ ಕೇಂದ್ರಕ್ಕೆ ದೂರು ಕೊಡಿ.

ಪ್ರಶ್ನೆ: ಬಿಟಿ ಹೈಬ್ರಿಡ್ ಹತ್ತಿಯ ಕಾಳನ್ನೇ ಬೀಜಕ್ಕೆ ಇಟ್ಟುಕೊಂಡರೆ ಏನಾಗುತ್ತದೆ? ಕಾನೂನು ಅಡ್ಡ ಬರುತ್ತದೆಯೇ?
— ಸವಣೂರಿನ ಓದುಗರು

ಉತ್ತರ: ಕಾನೂನು ಅಡ್ಡ ಬರುವುದಿಲ್ಲ. 2001ರ ಸಸ್ಯ ತಳಿ ಸಂರಕ್ಷಣೆ ಮತ್ತು ರೈತರ ಹಕ್ಕುಗಳ ಕಾಯ್ದೆ ನೀವು ಬೆಳೆದದ್ದರಿಂದ ಬೀಜ ಉಳಿಸಿ ಬಿತ್ತುವ, ಬದಲಾಯಿಸಿಕೊಳ್ಳುವ, ಮಾರುವ ಹಕ್ಕನ್ನು ಕೊಟ್ಟಿದೆ. ಬ್ರ್ಯಾಂಡ್ ಹೆಸರು ಅಂಟಿಸಿ ಮಾರುವಂತಿಲ್ಲ, ಅಷ್ಟೇ. ಅಡ್ಡ ಬರುವುದು ಬೀಜದ ಸ್ವಭಾವ.

ಹೈಬ್ರಿಡ್ ಗಿಡದಲ್ಲಿ ಬಿಟಿ ವಂಶವಾಹಿ ಸಾಮಾನ್ಯವಾಗಿ ತಂದೆ-ತಾಯಿ ಇಬ್ಬರಲ್ಲಿ ಒಬ್ಬರಿಂದ ಮಾತ್ರ ಬಂದಿರುತ್ತದೆ. ಗಿಡಕ್ಕೆ ಗಿಡವೇನೋ ಪೂರ್ತಿ ಬಿಟಿ. ಆದರೆ ಅದರ ಕಾಯಿಯೊಳಗಿನ ಕಾಳು ಮುಂದಿನ ಪೀಳಿಗೆ, ಅಲ್ಲಿ ವಂಶವಾಹಿಗಳು ಹಂಚಿಹೋಗುತ್ತವೆ. ಬೋಲ್‌ಗಾರ್ಡ್-2ರಲ್ಲಿ ಎರಡು ವಂಶವಾಹಿಗಳೂ ಬೇರೆ ಬೇರೆಯಾಗಿ ಹಂಚಿಕೆಯಾಗುವುದರಿಂದ 16 ಕಾಳಿನಲ್ಲಿ ಸುಮಾರು 9ಕ್ಕೆ ಎರಡೂ ಪ್ರೋಟೀನು, 3ಕ್ಕೆ ಒಂದು ಮಾತ್ರ, ಇನ್ನು 3ಕ್ಕೆ ಮತ್ತೊಂದು ಮಾತ್ರ, ಉಳಿದ 1ಕ್ಕೆ ಯಾವುದೂ ಇಲ್ಲ. ಅದನ್ನು ಬಿತ್ತಿದರೆ ಹೊಲದಲ್ಲಿ ನಾಲ್ಕು ಬಗೆಯ ಗಿಡಗಳಿರುತ್ತವೆ. ಎತ್ತರ, ಹೂ ಬಿಡುವ ಕಾಲ, ಎಳೆಯ ಉದ್ದ ಎಲ್ಲವೂ ಏರುಪೇರು, ಇಳುವರಿ ಕುಸಿತ ಖಂಡಿತ.

ಇದೇ ಹಂಚಿಕೆ ಗುಲಾಬಿ ಹುಳುವಿಗೆ ವರವಾಯಿತು ಎನ್ನುವುದನ್ನು ಇಲ್ಲಿ ಗಮನಿಸಬೇಕು. ಅದು ತಿನ್ನುವುದು ಕಾಳನ್ನು. ಒಂದೇ ಕಾಯಿಯಲ್ಲಿ ಒಂದು ಪ್ರೋಟೀನಿನ ಕಾಳು, ಎರಡರ ಕಾಳು, ಏನೂ ಇಲ್ಲದ ಕಾಳು ಎಲ್ಲವೂ ಸಿಕ್ಕಿದ್ದರಿಂದ ಅದಕ್ಕೆ ವಿಷವನ್ನು ಮೆಲ್ಲಗೆ ಅರಗಿಸಿಕೊಳ್ಳುವ ಅವಕಾಶ ಸಿಕ್ಕಿತು. ಹೈಬ್ರಿಡ್ ಅಲ್ಲದ ಸಾದಾ ತಳಿಗಳಲ್ಲಿ ಬಿಟಿ ಕೊಟ್ಟ ದೇಶಗಳಲ್ಲಿ ಎಲ್ಲ ಕಾಳೂ ಒಂದೇ ಸಮ ಇರುತ್ತಿತ್ತು. ನಮ್ಮಲ್ಲಿ ಕಂಪನಿಗಳಿಗೆ ಪ್ರತಿ ವರ್ಷ ಬೀಜ ಮಾರುವ ಅನುಕೂಲಕ್ಕಾಗಿ ಹೈಬ್ರಿಡ್ ದಾರಿಯೇ ಗಟ್ಟಿಯಾಯಿತು, ಅದರ ಬೆಲೆಯನ್ನು ರೈತ ಈಗ ಔಷಧದ ಅಂಗಡಿಯಲ್ಲಿ ಕಟ್ಟುತ್ತಿದ್ದಾನೆ.

ಬೀಜ ಉಳಿಸಬಹುದಾದ ಸರ್ಕಾರಿ ಬಿಟಿ ತಳಿಯ ಪ್ರಯತ್ನ ಆಗಿತ್ತು. ನಾಗಪುರದ ಕೇಂದ್ರ ಹತ್ತಿ ಸಂಶೋಧನಾ ಸಂಸ್ಥೆ ಮತ್ತು ಧಾರವಾಡ ಕೃಷಿ ವಿಶ್ವವಿದ್ಯಾಲಯ ಸೇರಿ ತಂದ ಬಿಕಾನೇರಿ ನರ್ಮಾ ಬಿಟಿ 2009ರಲ್ಲಿ ರೈತರ ಕೈಗೆ ಬಂದು, ಬೀಜದಲ್ಲಿ ಖಾಸಗಿ ಕಂಪನಿಯ ವಂಶವಾಹಿ ಪತ್ತೆಯಾಗಿ ನಿಂತುಹೋಯಿತು. ನಂತರ ನಾಗಪುರದ ಸಂಸ್ಥೆ ಸೂರಜ್ ಬಿಟಿ, ರಜತ್ ಬಿಟಿಯಂತಹ ಸಾದಾ ತಳಿಗಳನ್ನು ತಂದಿದೆ. ಇವುಗಳಲ್ಲಿರುವುದು ಕ್ರೈ1ಎಸಿ ಮಾತ್ರ, ಗುಲಾಬಿ ಹುಳುವನ್ನು ಅದು ತಡೆಯದು. ಆದರೆ ಬೇಗ ಕೊಯ್ಲಿಗೆ ಬರುವುದರಿಂದ ಹುಳು ಹೆಚ್ಚುವ ಮೊದಲೇ ಬೆಳೆ ಮುಗಿಸಬಹುದು, ಕಾಳನ್ನು ಬೀಜಕ್ಕೂ ಇಡಬಹುದು. ಮಳೆಯಾಶ್ರಿತ ಹೊಲಕ್ಕೆ ಇದು ಯೋಚಿಸತಕ್ಕ ದಾರಿ.

ಪ್ರಶ್ನೆ: ಕಳೆನಾಶಕ ಹೊಡೆದರೂ ಸಾಯದ ಹತ್ತಿ ಬೀಜ ಬಿಲ್ ಇಲ್ಲದೆ ಸಿಗುತ್ತಿದೆ. ಕೂಲಿಗೆ ಜನ ಸಿಗದ ಈ ಕಾಲಕ್ಕೆ ತೆಗೆದುಕೊಂಡರೆ ತಪ್ಪೇನು?
— ಲಿಂಗಸುಗೂರು ತಾಲ್ಲೂಕಿನ ಓದುಗರು

ಉತ್ತರ: ಕೂಲಿಯ ಕಷ್ಟ ನಿಜ. ಆದರೂ ಈ ಬೀಜ ಬೇಡ. ಗ್ಲೈಫೋಸೇಟ್ ಎಂಬ ಕಳೆನಾಶಕವನ್ನು ತಾಳುವ ಹತ್ತಿಗೆ ಭಾರತದಲ್ಲಿ ಅನುಮತಿ ಸಿಕ್ಕಿಲ್ಲ. ಹೊಲದ ಪರೀಕ್ಷೆಗಳು ನಡೆದಿದ್ದವು, 2016ರಲ್ಲಿ ಕಂಪನಿಯೇ ಅರ್ಜಿ ಹಿಂತೆಗೆದುಕೊಂಡಿತು. ಈಗ ತಿರುಗುತ್ತಿರುವುದು ಕಳ್ಳಬೀಜ. ಅದನ್ನು ತಯಾರಿಸುವುದು, ಮಾರುವುದು, ಬಿತ್ತುವುದು ಪರಿಸರ ಸಂರಕ್ಷಣಾ ಕಾಯ್ದೆಯಡಿ ಕಾನೂನು ಉಲ್ಲಂಘನೆ.

ಹೊಲದಲ್ಲಿ ಆಗುವ ನಷ್ಟ ಇದು. ಕಳ್ಳಬೀಜ ಬಹಳ ಸಲ ಹಿಂದಿನ ವರ್ಷದ ಹೈಬ್ರಿಡ್ ಕಾಳೇ ಆಗಿರುತ್ತದೆ. ಮೇಲೆ ಹೇಳಿದ ಹಂಚಿಕೆಯಂತೆ ನಾಲ್ಕರಲ್ಲಿ ಒಂದು ಗಿಡಕ್ಕೆ ತಾಳುವ ಗುಣವೇ ಇರುವುದಿಲ್ಲ. ಗ್ಲೈಫೋಸೇಟ್ ಎಲೆಯಿಂದ ಬೇರಿನವರೆಗೂ ಇಳಿಯುವ ಔಷಧ. ಹೊಡೆದ ದಿನ ಏನೂ ತಿಳಿಯುವುದಿಲ್ಲ. ವಾರದಲ್ಲಿ ಸುಳಿ ಹಳದಿಯಾಗಿ ಆ ಗಿಡಗಳು ಒಣಗಿದಾಗ ಸಾಲಿನಲ್ಲಿ ತೆರಪು ಬಿದ್ದಿರುತ್ತದೆ, ಮತ್ತೆ ಬಿತ್ತಲು ಕಾಲ ಮೀರಿರುತ್ತದೆ. ಗಾಳಿಗೆ ಹಾರಿದ ಹನಿ ಪಕ್ಕದವರ ಮೆಣಸಿನಕಾಯಿ, ತೊಗರಿಯನ್ನು ಸುಟ್ಟರೆ ಜಗಳ ನಿಮ್ಮ ಮನೆ ಬಾಗಿಲಿಗೆ. ಬಿಲ್ ಇಲ್ಲದ ಬೀಜಕ್ಕೆ ಪರಿಹಾರ ಕೇಳಲು ನಿಮ್ಮ ಕೈಯಲ್ಲಿ ಕಾಗದವೇ ಇರುವುದಿಲ್ಲ.

ಕಾನೂನಿನೊಳಗೇ ಕಳೆ ಕೂಲಿ ತಗ್ಗಿಸುವ ಕ್ರಮ ಹೀಗಿದೆ. ಬಿತ್ತಿದ ಎರಡು ದಿನದೊಳಗೆ, ಮಣ್ಣು ಹಸಿಯಾಗಿರುವಾಗ ಪೆಂಡಿಮೆಥಾಲಿನ್ 38.7 ಸಿ.ಎಸ್. ಎಕರೆಗೆ 700 ಮಿ.ಲೀ. ಅನ್ನು 200 ಲೀಟರ್ ನೀರಿನಲ್ಲಿ ಹಿಮ್ಮುಖವಾಗಿ ನಡೆಯುತ್ತ ಸಿಂಪಡಿಸಿ. ಒಣಮಣ್ಣಿಗೆ ಹೊಡೆದರೆ ದುಡ್ಡು ದಂಡ, ಸಿಂಪಡಿಸಿದ ಮೇಲೆ ಮಣ್ಣು ಕೆದಕಿದರೂ ಅಷ್ಟೇ. ಕಳೆಗೆ 2–4 ಎಲೆ ಇರುವಾಗ, ಅಂದರೆ 20–25 ದಿನಕ್ಕೆ, ಹುಲ್ಲಿನ ಜಾತಿಗೆ ಕ್ವಿಜಾಲೊಫಾಪ್ ಈಥೈಲ್ 5 ಇ.ಸಿ. ಎಕರೆಗೆ 400 ಮಿ.ಲೀ., ಅಗಲ ಎಲೆಯ ಕಳೆಗೆ ಪೈರಿಥಯೋಬ್ಯಾಕ್ ಸೋಡಿಯಂ 10 ಇ.ಸಿ. ಎಕರೆಗೆ 250 ಮಿ.ಲೀ. ಕಳೆ ಗೇಣುದ್ದ ಬೆಳೆದ ಮೇಲೆ ಇವು ನಾಟುವುದಿಲ್ಲ. ಆಮೇಲೆ ಎರಡು ಸಲ ಎಡೆಕುಂಟೆ ಹೊಡೆದರೆ ಸಾಲು ಮುಚ್ಚುವವರೆಗೆ ಚಿಂತೆಯಿಲ್ಲ.

ಪ್ರಶ್ನೆ: ಬಿಟಿ ಹತ್ತಿಯ ಎಲೆ ಕೆಂಪಾಗಿ ಉದುರುತ್ತಿದೆ. ಬಿಟಿ ಗುಣದಿಂದಲೇ ಹೀಗಾಗುತ್ತದೆಯೇ?
— ಬ್ಯಾಡಗಿಯ ಓದುಗರು

ಉತ್ತರ: ಬಿಟಿ ಪ್ರೋಟೀನಿನಿಂದಲ್ಲ. ಕಾಯಿ ಉದುರದೆ ಹೆಚ್ಚು ನಿಂತಾಗ ಗಿಡದ ಹಸಿವೂ ಹೆಚ್ಚುತ್ತದೆ. ಮೆಗ್ನೀಸಿಯಂ ಮತ್ತು ಸಾರಜನಕ ಸಾಲದೆ, ರಾತ್ರಿ ಚಳಿ ಸೇರಿದಾಗ ಎಲೆ ಕೆಂಪಾಗುತ್ತದೆ. ಮೆಗ್ನೀಸಿಯಂ ಸಲ್ಫೇಟ್ ಲೀಟರಿಗೆ 10 ಗ್ರಾಂನಂತೆ ಹೂ ಬಿಡುವಾಗ ಒಮ್ಮೆ, ಕಾಯಿ ಬಲಿಯುವಾಗ ಒಮ್ಮೆ ಸಿಂಪಡಿಸಿ. ಪೂರ್ತಿ ಕೆಂಪಾದ ಎಲೆ ಮತ್ತೆ ಹಸಿರಾಗುವುದಿಲ್ಲ, ಹೊಸದನ್ನು ಉಳಿಸಿಕೊಳ್ಳುವುದಷ್ಟೇ ಸಾಧ್ಯ. ಅದಕ್ಕೂ ಮೊದಲು ಎಲೆ ತಿರುಗಿಸಿ ನೋಡಿ. ಅಂಚು ಕೆಳಗೆ ಮುದುಡಿ, ಅಂಚಿನಿಂದಲೇ ಕೆಂಪಾಗಿದ್ದರೆ ಜಿಗಿಹುಳುವಿನ ಕೆಲಸ. ಜಿಗಿಹುಳು, ಥ್ರಿಪ್ಸ್, ಬಿಳಿನೊಣ, ನಿಮ್ಮ ಜಿಲ್ಲೆಯಲ್ಲಿ ಕಾಡುವ ಮಿರಿಡ್ ತಿಗಣೆ ಇವೆಲ್ಲ ರಸ ಹೀರುವ ಕೀಟಗಳು. ಇವುಗಳ ಮೇಲೆ ಬಿಟಿಗೆ ಯಾವ ಶಕ್ತಿಯೂ ಇಲ್ಲ.

ಪ್ರಶ್ನೆ: ಬಿಟಿ ಹತ್ತಿ ಹೊಲದಲ್ಲಿ ಕುರಿ ಮೇಯಿಸಿದರೆ ಸಾಯುತ್ತವೆ ಅನ್ನುತ್ತಾರೆ. ಹತ್ತಿ ಹಿಂಡಿ ದನಕ್ಕೆ ಹಾಕಬಹುದೇ?
— ಶಿರಹಟ್ಟಿ ಕಡೆಯ ಕುರಿಗಾರರು

ಉತ್ತರ: ಈ ಮಾತು ಹುಟ್ಟಿದ್ದು 2006ರಲ್ಲಿ ವಾರಂಗಲ್ ಕಡೆ ಬಿಡಿಸಿದ ಹತ್ತಿ ಹೊಲದಲ್ಲಿ ಮೇಯ್ದ ಕುರಿಗಳು ಸತ್ತವೆಂಬ ದೂರಿನಿಂದ. ಬಿಟಿ ಪ್ರೋಟೀನೇ ಕಾರಣವೆಂದು ಸರ್ಕಾರದ ಪರೀಕ್ಷೆಗಳಲ್ಲಿ ಸಾಬೀತಾಗಲಿಲ್ಲ. ಕೀಟನಾಶಕದ ಶೇಷ ಮತ್ತು ನೈಟ್ರೇಟ್ ಕಡೆಗೆ ಶಂಕೆ ಹೋಯಿತು. ಕುರಿಯ ಹೊಟ್ಟೆಯ ಹುಳಿಯಲ್ಲಿ ಈ ಪ್ರೋಟೀನು ಬೇರೆ ಪ್ರೋಟೀನುಗಳಂತೆ ಜೀರ್ಣವಾಗುತ್ತದೆ, ಅದು ಅಂಟಿಕೊಳ್ಳುವ ಜಾಗ ಕುರಿಯ ಕರುಳಿನಲ್ಲಿ ಇಲ್ಲ.

ಭಯ ಪಡಬೇಕಾದದ್ದು ಔಷಧಕ್ಕೆ. ಹೊಲಕ್ಕೆ ಮಂದೆ ಇಳಿಸುವ ಮೊದಲು ಕೊನೆಯ ಸಿಂಪರಣೆ ಯಾವಾಗ, ಯಾವುದು ಎಂದು ಮಾಲೀಕರನ್ನು ಕೇಳಿ. ಕನಿಷ್ಠ 3 ವಾರ ಕಳೆದಿರಲಿ. ಹಸಿದ ಮಂದೆಯನ್ನು ನೇರ ಹತ್ತಿಗೆ ಬಿಡದೆ ಮೊದಲು ಬೇರೆ ಮೇವು ಕೊಡಿ. ಬರದಲ್ಲಿ ಬಾಡಿದ ಗಿಡ ಮಳೆಯಾಗಿ ಮತ್ತೆ ಚಿಗುರಿದಾಗ ನೈಟ್ರೇಟ್ ಹೆಚ್ಚಿರುತ್ತದೆ, ಆ ವಾರ ಬೇಡ. ಜೊಲ್ಲು ಸುರಿಸಿ, ನಡುಗಿ, ಕಣ್ಣಪಾಪೆ ಕಿರಿದಾದರೆ ಅದು ರಂಜಕಯುಕ್ತ ಕೀಟನಾಶಕದ ವಿಷ. ಪಶುವೈದ್ಯರು ಅಟ್ರೋಪಿನ್ ಕೊಟ್ಟರೆ ಬದುಕುವ ಸಾಧ್ಯತೆ ಇದೆ, ತಡ ಮಾಡಬೇಡಿ. ಔಷಧದ ಭಯವಿಲ್ಲದ ಹೊಲದಲ್ಲಿ ಜನವರಿಯಲ್ಲಿ ಕುರಿ ಮೇಯಿಸುವುದು ರೈತನಿಗೇ ಲಾಭ. ಉಳಿದ ಹಸಿಗಾಯಿಯ ಜೊತೆ ಗುಲಾಬಿ ಹುಳುವನ್ನೂ ಅವು ಮುಗಿಸುತ್ತವೆ.

ಹತ್ತಿಕಾಳು, ಹಿಂಡಿಯಲ್ಲಿ ಗಾಸಿಪಾಲ್ ಎಂಬ ವಿಷಾಂಶ ಬಿಟಿ ಬರುವ ಮೊದಲಿನಿಂದಲೂ ಇದೆ. ಬೆಳೆದ ದನ ಅದನ್ನು ತಾಳುತ್ತದೆ. 4 ತಿಂಗಳೊಳಗಿನ ಕರುವಿಗೆ ಮತ್ತು ಕೋಳಿಗೆ ಹಾಕಬಾರದು. ಹಾಲು ಕೊಡುವ ಹಸುವಿಗೆ ದಿನಕ್ಕೆ 2 ಕೆ.ಜಿ. ಮೀರದಿರಲಿ. ಬೂಷ್ಟು ಹಿಡಿದ ಹಿಂಡಿ ಯಾವ ಪ್ರಾಣಿಗೂ ಬೇಡ.

ಪ್ರಶ್ನೆ: ನಮ್ಮ ಮಟ್ಟುಗುಳ್ಳ ಬದನೆಯನ್ನೂ ಬಿಟಿ ಮಾಡಿದ್ದರಂತೆ. ಈಗ ಸಿಗುವ ಗುಳ್ಳದಲ್ಲಿ ಅದು ಬೆರೆತಿದೆಯೇ?
— ಕಟಪಾಡಿಯ ಓದುಗರು

ಉತ್ತರ: ಬದನೆಯ ಸುಳಿ ಮತ್ತು ಕಾಯಿಕೊರಕಕ್ಕಾಗಿ ಮಹಿಕೊ ಕಂಪನಿ ತಯಾರಿಸಿದ ಬಿಟಿ ಬದನೆಯ ವಂಶವಾಹಿಯನ್ನು ಧಾರವಾಡ ಕೃಷಿ ವಿಶ್ವವಿದ್ಯಾಲಯ ಸ್ಥಳೀಯ ಬದನೆಗಳಿಗೆ ಸೇರಿಸಿದ್ದು ನಿಜ. ಮಲಾಪುರ, ಕುಡಚಿ ಬದನೆಗಳ ಜೊತೆ ಉಡುಪಿ ಗುಳ್ಳವೂ ಆ ಪಟ್ಟಿಯಲ್ಲಿತ್ತು. 2009ರ ಅಕ್ಟೋಬರ್‌ನಲ್ಲಿ ಕೇಂದ್ರದ ಅನುಮೋದನಾ ಸಮಿತಿ ಬಿಟಿ ಬದನೆಗೆ ಒಪ್ಪಿಗೆ ಕೊಟ್ಟಿತು. ಬೆಂಗಳೂರು ಸೇರಿ ಹಲವು ಊರುಗಳಲ್ಲಿ ಜನರ ಅಭಿಪ್ರಾಯ ಕೇಳಿದ ನಂತರ ಪರಿಸರ ಸಚಿವ ಜೈರಾಂ ರಮೇಶ್ 2010ರ ಫೆಬ್ರುವರಿ 9ರಂದು ತಡೆ ಹಾಕಿದರು, ಆ ತಡೆ ತೆರವಾಗಿಲ್ಲ. ಸ್ಥಳೀಯ ತಳಿ ಬಳಸುವ ಮೊದಲು ಜೀವವೈವಿಧ್ಯ ಕಾಯ್ದೆಯ ಒಪ್ಪಿಗೆ ಪಡೆಯಲಿಲ್ಲ ಎಂಬ ದೂರೂ ಆಗ ಎದ್ದಿತು. ಊರಿನವರು ತಲೆಮಾರುಗಳಿಂದ ಕಾಪಾಡಿದ ತಳಿಯನ್ನು ಅವರನ್ನು ಕೇಳದೆ ಮುಟ್ಟಬಾರದು ಎಂಬುದು ಸರಿಯಾದ ನಿಲುವು. ಆದರೆ ಬಾಂಗ್ಲಾದೇಶ ಬಿಟಿ ಬದನೆಯನ್ನು 2013ರಲ್ಲಿ ಒಪ್ಪಿ, 2014ರಲ್ಲಿ ರೈತರಿಗೆ ಸಸಿ ಕೊಟ್ಟಿತು.

ಹಾಗಾಗಿ ಬಿಟಿ ಗುಳ್ಳ ಕಾನೂನುಬದ್ಧವಾಗಿ ಎಂದೂ ಮಾರುಕಟ್ಟೆಗೆ ಬಂದಿಲ್ಲ. 2011ರಲ್ಲಿ ಭೌಗೋಳಿಕ ಗುರುತು ಪಡೆದ ಗುಳ್ಳಕ್ಕೆ ನಿಜವಾದ ಅಪಾಯ ಪಕ್ಕದ ಗದ್ದೆಯ ಹೈಬ್ರಿಡ್ ಬದನೆಯ ಪರಾಗ. ಬದನೆ ಹೆಚ್ಚಾಗಿ ತನ್ನಲ್ಲೇ ಪರಾಗಸ್ಪರ್ಶ ಮಾಡಿಕೊಂಡರೂ ಜೇನು, ದುಂಬಿಗಳಿಂದ ಅಷ್ಟಿಷ್ಟು ಬೆರಕೆಯಾಗುತ್ತದೆ. ಬೀಜಕ್ಕೆ ಬಿಡುವ ಗಿಡಗಳು ಬೇರೆ ಬದನೆಯಿಂದ 200 ಮೀಟರ್ ದೂರ ಇರಲಿ. ಅಷ್ಟು ಜಾಗ ಇಲ್ಲದಿದ್ದರೆ ಮರುದಿನ ಅರಳುವ ಮೊಗ್ಗಿಗೆ ಸಂಜೆಯೇ ಬೆಣ್ಣೆಕಾಗದದ ಚೀಲ ಕಟ್ಟಿ, ಬೆಳಿಗ್ಗೆ ಹೂವನ್ನು ಬೆರಳಿನಿಂದ ತಟ್ಟಿ, ಕಾಯಿ ಕಚ್ಚಿದ ಮೇಲೆ ಚೀಲ ತೆಗೆದು ದಾರ ಕಟ್ಟಿ ಗುರುತು ಮಾಡಿ. ಕೊರಕಕ್ಕೆ ವಾರಕ್ಕೊಮ್ಮೆ ಬಾಡಿದ ಸುಳಿಯನ್ನು ಹುಳು ಸಮೇತ ಕತ್ತರಿಸಿ ಸುಡುವುದು, ಲ್ಯೂಸಿಲ್ಯೂರ್ ಮೋಹಕ ಬಲೆ ಕಟ್ಟುವುದು ಈಗಲೂ ಒಳ್ಳೆಯ ಉಪಾಯ.

ಪ್ರಶ್ನೆ: ಗಟ್ಟಿ ಟೊಮೆಟೊ, ಬೀಜವಿಲ್ಲದ ಕಲ್ಲಂಗಡಿ, ತೈವಾನ್ ಪಪ್ಪಾಯಿ ಎಲ್ಲವೂ ಕುಲಾಂತರಿಯೇ? ಅಡುಗೆ ಎಣ್ಣೆಯಲ್ಲೂ ಇದೆಯೇ?
— ಬೆಂಗಳೂರಿನ ಓದುಗರು

ಉತ್ತರ: ಮೊದಲ ಮೂರೂ ಅಲ್ಲ. ಟೊಮೆಟೊ ಮತ್ತು ರೆಡ್ ಲೇಡಿ ಎಂಬ ತೈವಾನ್ ಪಪ್ಪಾಯಿ ಹೈಬ್ರಿಡ್‌ಗಳು. ಒಂದೇ ಜಾತಿಯ ಎರಡು ತಳಿಗಳ ಪರಾಗ ಕೂಡಿಸಿ ಪಡೆದವು. ಬೀಜವಿಲ್ಲದ ಕಲ್ಲಂಗಡಿಯಲ್ಲಿ ವರ್ಣತಂತುಗಳು ಎರಡು ಗುಂಪಿನ ಬದಲು ಮೂರು ಗುಂಪು ಇರುವುದರಿಂದ ಬೀಜ ಕಟ್ಟುವುದಿಲ್ಲ. ಕುಲಾಂತರಿ ಪಪ್ಪಾಯಿ ಹವಾಯಿಯಲ್ಲಿ 1998ರಿಂದ ಇದೆ, ನಮ್ಮಲ್ಲಿಲ್ಲ.

ಎಣ್ಣೆಯ ಮಾತು ಬೇರೆ. ಆಮದಾಗುವ ಸೋಯಾ ಎಣ್ಣೆಯ ಬಹುಪಾಲು ಅರ್ಜೆಂಟೀನಾ, ಬ್ರೆಜಿಲ್‌ಗಳ ಕುಲಾಂತರಿ ಸೋಯಾದಿಂದ ಬಂದದ್ದು. ನಮ್ಮ ಹತ್ತಿಕಾಳಿನ ಎಣ್ಣೆಯೂ ಬಿಟಿ ಹತ್ತಿಯದೇ. ಶುದ್ಧೀಕರಿಸಿದ ಎಣ್ಣೆಯಲ್ಲಿ ಪ್ರೋಟೀನು ಉಳಿಯುವುದಿಲ್ಲ ಎನ್ನುವಷ್ಟು ಕಡಿಮೆ. ಆದರೂ ತಾನು ಕೊಳ್ಳುವುದು ಏನೆಂದು ತಿಳಿಯುವುದು ಗ್ರಾಹಕರ ಹಕ್ಕು. ಕುಲಾಂತರಿ ಪದಾರ್ಥವಿರುವ ಪೊಟ್ಟಣದ ಮೇಲೆ ‘ಜಿಎಂ’ ಎಂದು ಬರೆಯಬೇಕೆಂಬ ನಿಯಮ 2013ರ ಜನವರಿಯಿಂದ ಇದೆ. ಅಂಗಡಿಯಲ್ಲಿ ಅಂಥ ಗುರುತು ಕಾಣುವುದೇ ಅಪರೂಪ, ನಿಯಮ ಮಾಡಿದವರು ಇದಕ್ಕೆ ಉತ್ತರ ಕೊಡಬೇಕು.

ಪ್ರಶ್ನೆ: ಜೀನೋಮ್ ತಿದ್ದಿದ ಭತ್ತ ಬಂದಿದೆಯಂತೆ. ಅದೂ ಬಿಟಿ ತರಹವೇ? ಈ ವರ್ಷ ನಾಟಿ ಮಾಡಬಹುದೇ?
— ಕಾರಟಗಿಯ ಓದುಗರು

ಉತ್ತರ: ಬಿಟಿಯಲ್ಲಿ ಹೊರಗಿನ ವಂಶವಾಹಿ ಸೇರಿಸುತ್ತಾರೆ. ಇಲ್ಲಿ ಭತ್ತದ್ದೇ ವಂಶವಾಹಿಯ ಚಿಕ್ಕ ತುಣುಕನ್ನು ಕತ್ತರಿಸಿ ಬದಲಿಸುತ್ತಾರೆ, ಕೊನೆಗೆ ಸಿಗುವ ಗಿಡದಲ್ಲಿ ಹೊರಗಿನದು ಉಳಿದಿರಬಾರದು. ಇಂತಹ ಗಿಡಗಳಿಗೆ ಕೇಂದ್ರ 2022ರ ಮಾರ್ಚ್‌ನಲ್ಲಿ ಕುಲಾಂತರಿ ನಿಯಮಗಳಿಂದ ವಿನಾಯಿತಿ ಕೊಟ್ಟಿತು. 2025ರ ಮೇ 4ರಂದು ಪ್ರಕಟವಾದವು ಎರಡು: ನಿಮಗೆಲ್ಲ ಗೊತ್ತಿರುವ ಬಿಪಿಟಿ 5204 (ಸಾಂಬಾ ಮಸೂರಿ) ತಳಿಯನ್ನು ತಿದ್ದಿ ಹೈದರಾಬಾದಿನ ಭತ್ತ ಸಂಶೋಧನಾ ಸಂಸ್ಥೆ ತಯಾರಿಸಿದ ಡಿಆರ್‌ಆರ್ ಧಾನ್ 100 (ಕಮಲಾ), ಮತ್ತು ಎಂಟಿಯು 1010ನ್ನು ತಿದ್ದಿದ ಪೂಸಾ ಡಿಎಸ್‌ಟಿ ರೈಸ್ 1. ಕಮಲಾ ತೆನೆಗೆ ಕಾಳು ಹೆಚ್ಚು, ಸುಮಾರು 20 ದಿನ ಬೇಗ ಎಂಬುದು ಸಂಸ್ಥೆಯ ಹೇಳಿಕೆ. ತುಂಗಭದ್ರಾ ಎಡದಂಡೆಯ ಕೊನೆ ಭಾಗದವರಿಗೆ ಆ 20 ದಿನದ ನೀರು ದೊಡ್ಡದು. ಆದರೆ ಅಧಿಕೃತ ಬೀಜ ಸರ್ಕಾರಿ ಸಂಸ್ಥೆಗಳ ಮೂಲಕ ಬರುವವರೆಗೆ, ‘ಕಮಲಾ’ ಎಂದು ಯಾರಾದರೂ ಚೀಲ ತೋರಿಸಿದರೆ ಕೊಳ್ಳಬೇಡಿ.

ಪ್ರಶ್ನೆ: ಸಾವಯವ ಹತ್ತಿ ಬೆಳೆಯುವ ಆಸೆ. ಸುತ್ತ ಎಲ್ಲ ಬಿಟಿ. ಪರಾಗ ಬೆರೆತು ಪ್ರಮಾಣಪತ್ರ ತಪ್ಪುವುದಿಲ್ಲವೇ?
— ನವಲಗುಂದದ ಓದುಗರು

ಉತ್ತರ: ನಿಮ್ಮ ಎರೆ ಭೂಮಿಗೆ ಹೊಂದುವ ಹಳೆಯ ಬೆಳೆಯಲ್ಲೇ ಉತ್ತರ ಇದೆ: ಜಯಧರ. ಬಿಟಿ ಹೈಬ್ರಿಡ್‌ಗಳು ಅಮೆರಿಕನ್ ಹತ್ತಿಯ ಜಾತಿ, ಅದಕ್ಕೆ 52 ವರ್ಣತಂತು. ಜಯಧರ ದೇಸಿ ಜಾತಿ, 26 ವರ್ಣತಂತು. ಪಕ್ಕದ ಹೊಲದ ಪರಾಗ ಜೇನಿನ ಕಾಲಿಗೆ ಅಂಟಿ ಬಂದರೂ ಜಯಧರದಲ್ಲಿ ಫಲಿಸಿ ಕಾಳು ಕಟ್ಟುವುದಿಲ್ಲ ಎನ್ನಬಹುದು. ಅಮೆರಿಕನ್ ಜಾತಿಯದೇ ಸಾದಾ ತಳಿ, ಉದಾಹರಣೆಗೆ ಸಹನಾ ಬೆಳೆಯುವುದಾದರೆ ಮಾತ್ರ ಅಂತರ ಬೇಕು. ಪ್ರಮಾಣಿತ ಬೀಜಕ್ಕೆ 30 ಮೀಟರ್, ಮೂಲ ಬೀಜಕ್ಕೆ 50 ಮೀಟರ್ ಎಂದು ನಿಯಮವಿದೆ. ನಡುವೆ ನಾಲ್ಕೈದು ಸಾಲು ಜೋಳ ಹಾಕಿದರೆ ಇನ್ನೂ ಒಳ್ಳೆಯದು.

ಬೆರಕೆಯಾಗುವುದು ಹೆಚ್ಚಾಗಿ ಹೊಲದಲ್ಲಲ್ಲ, ಹತ್ತಿಯಿಂದ ಕಾಳು ಬೇರ್ಪಡಿಸುವ ಜಿನ್ನಿಂಗ್ ಮಿಲ್ಲಿನಲ್ಲಿ. ಹಿಂದಿನವರ ಬಿಟಿ ಕಾಳು ಯಂತ್ರದಲ್ಲಿ ಉಳಿದು ನಿಮ್ಮ ಬೀಜಕ್ಕೆ ಸೇರುತ್ತದೆ. ಯಂತ್ರ ಗುಡಿಸಿಸಿ, ಮೊದಲು ಬಂದ ಒಂದಿಷ್ಟು ಕಾಳನ್ನು ಬೀಜಕ್ಕೆ ಇಡದೆ ಹಿಂಡಿಗೆ ಕಳಿಸಿ. ಸಂಶಯವಿದ್ದರೆ ಬಿಟಿ ಪಟ್ಟಿ ಪರೀಕ್ಷೆ ಮಾಡಿಸಬಹುದು: ಎಳೆ ಎಲೆಯ ಚೂರನ್ನು ಸಣ್ಣ ಕೊಳವೆಯಲ್ಲಿ ದ್ರಾವಣದ ಜೊತೆ ಅರೆದು ಪಟ್ಟಿ ಅದ್ದಿದರೆ ಹತ್ತು ನಿಮಿಷದೊಳಗೆ ಗೆರೆ ಮೂಡುತ್ತದೆ. ಒಂದೇ ಗೆರೆ ಬಂದರೆ ಬಿಟಿ ಇಲ್ಲ, ಎರಡು ಬಂದರೆ ಇದೆ, ಒಂದೂ ಬಾರದಿದ್ದರೆ ಪಟ್ಟಿಯೇ ಕೆಟ್ಟಿದೆ.

ಜಯಧರವನ್ನು ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್‌ನಲ್ಲಿ ಬಿತ್ತಿ ಬೇಸಿಗೆಯ ಹೊಸ್ತಿಲಲ್ಲಿ ಬಿಡಿಸುತ್ತಾರೆ. ರಸ ಹೀರುವ ಕೀಟಗಳನ್ನು ಅದು ಚೆನ್ನಾಗಿ ತಾಳುತ್ತದೆ. ಎಳೆ ಗಿಡ್ಡ ಮತ್ತು ಒರಟು, ಆದ್ದರಿಂದ ಬಿತ್ತುವ ಮೊದಲೇ ಖಾದಿ ಕೇಂದ್ರದವರನ್ನೋ ಸಾವಯವ ಹತ್ತಿ ಕೊಳ್ಳುವವರನ್ನೋ ಕಂಡು ದರ ಮಾತಾಡಿಕೊಳ್ಳಿ. ಮಾರುಕಟ್ಟೆಗೆ ಒಯ್ದು ಅಮೆರಿಕನ್ ಹತ್ತಿಯ ಪಕ್ಕ ಸುರಿದರೆ ಬೆಲೆ ಸಿಗದು. ಕಾಳಿನ ಮೇಲೆ ನವಿರಾದ ತುಪ್ಪಟ ಇರುವುದರಿಂದ ಕೂರಿಗೆಯಲ್ಲಿ ಒಂದಕ್ಕೊಂದು ಅಂಟಿಕೊಳ್ಳುತ್ತದೆ. ಹಿಂದಿನ ದಿನ ಸಗಣಿ ಮತ್ತು ಕೆಮ್ಮಣ್ಣಿನ ತೆಳು ರಾಡಿಯಲ್ಲಿ ಕಾಳನ್ನು ಗೋಣಿಯ ಮೇಲೆ ತಿಕ್ಕಿ, ನೆರಳಿನಲ್ಲಿ ಆರಿಸಿ. ಬಿಡಿ ಬಿಡಿಯಾಗಿ ಸಲೀಸಾಗಿ ಇಳಿಯುತ್ತದೆ.